ಅರ್ಧ ಗಂಟೆಯ ವಿಶ್ವಾಸ: ಕ್ಷೌರದಂಗಡಿ ವರ್ತಕರಿಗೆ ಕಲಿಸುವ ಪಾಠ

ವ್ಯಾಪಾರಕ್ಕೆ ಬಂಡವಾಳ, ಸರಕು, ಸ್ಥಳ ಈ ಮೂರೂ ಬೇಕೆಂಬುದು ಎಲ್ಲ ವರ್ತಕರೂ ಬಲ್ಲ ಸಂಗತಿ. ಆದರೆ ಈ ಮೂರೂ ಅತ್ಯಲ್ಪವಾಗಿದ್ದು, ಗ್ರಾಹಕರ ವಿಶ್ವಾಸವೊಂದನ್ನೇ ನೆಚ್ಚಿಕೊಂಡು ತಲೆಮಾರುಗಳಿಂದ ನಡೆದುಬಂದಿರುವ ಉದ್ಯೋಗವೊಂದು ಪ್ರತಿ ಊರಿನ ಪೇಟೆಯಲ್ಲಿಯೂ ಕಣ್ಣೆದುರಿಗೇ ಇದೆ. ಅದು ಕ್ಷೌರಿಕ ವೃತ್ತಿ. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹೂವಿನಹಡಗಲಿ, ಹರಪನಹಳ್ಳಿ ಈ ಐದು ತಾಲ್ಲೂಕು ಕೇಂದ್ರಗಳಲ್ಲಿ ಯಾವ ಪೇಟೆ ಬೀದಿಗೆ ಹೋದರೂ ಒಂದೆರಡು ಕುರ್ಚಿ, ಗೋಡೆಯ ತುಂಬ ಕನ್ನಡಿ, ಕತ್ತರಿ, ಬಾಚಣಿಗೆ, ನೀರಿನ ಸ್ಪ್ರೇ ಮತ್ತು ಅಂದಿನ ದಿನಪತ್ರಿಕೆ ಇಷ್ಟರಲ್ಲಿಯೇ ಮುಗಿಯುವ ಕಟಿಂಗ್ ಶಾಪ್ ಒಂದು ಕಾಣಸಿಗುತ್ತದೆ. ಇಲ್ಲಿ ಮಾರಾಟಕ್ಕೆ ಸರಕಿಲ್ಲ, ಗೋದಾಮಿಲ್ಲ, ಜಾಹೀರಾತಿಲ್ಲ. ಆದರೂ ಒಮ್ಮೆ ಬಂದ ಗ್ರಾಹಕನು ಇಪ್ಪತ್ತು ವರ್ಷ ಅದೇ ಕುರ್ಚಿಗೆ ಬರುತ್ತಾನೆ. ಮುಂದೆ ತನ್ನ ಮಗನನ್ನೂ ಕರೆತರುತ್ತಾನೆ.

ಇದು ಹೇಗೆ ಸಾಧ್ಯವಾಗುತ್ತದೆ? ಈ ಬಾಂಧವ್ಯದಲ್ಲಿ ಉಳಿಸಿಕೊಳ್ಳಬೇಕಾದದ್ದೇನು, ತೊರೆಯಬೇಕಾದದ್ದೇನು? ಇತರ ವರ್ತಕರೂ ಸಣ್ಣ ಕೈಗಾರಿಕೋದ್ಯಮಿಗಳೂ ಇದರಿಂದ ಗ್ರಹಿಸಬಹುದಾದ ಅಂಶಗಳಾವುವು? ಇವನ್ನು ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಆಯದಿಂದ ಅಂಗಡಿಗೆ

ಹಿಂದಿನ ಗ್ರಾಮ ವ್ಯವಸ್ಥೆಯಲ್ಲಿ ಕ್ಷೌರಿಕನು ಆಯಗಾರರಲ್ಲಿ ಒಬ್ಬನಾಗಿದ್ದನು. ಬಡಿಗ, ಕಮ್ಮಾರ, ಅಗಸ ಮೊದಲಾದವರಂತೆ ಅವನಿಗೂ ದಿನದ ಕೂಲಿ ಇರಲಿಲ್ಲ. ವರ್ಷವಿಡೀ ಮನೆಮನೆಗೆ ಹೋಗಿ ಕ್ಷೌರ ಮಾಡಿ, ಸುಗ್ಗಿಯಲ್ಲಿ ಕಣಕ್ಕೆ ಹೋಗಿ ರೈತನು ಅಳೆದುಕೊಟ್ಟ ಜೋಳವನ್ನೋ ನವಣೆಯನ್ನೋ ಆಯವಾಗಿ ಪಡೆಯುತ್ತಿದ್ದನು. ಮಗುವಿನ ಜವಳ, ಮದುವಣಿಗನ ಕ್ಷೌರ, ಸಾವಿನ ಮನೆಯ ಕೇಶಮುಂಡನ ಹೀಗೆ ಬಾಳಿನ ಎಲ್ಲ ಘಟ್ಟಗಳಲ್ಲಿಯೂ ಅವನಿರಲೇಬೇಕಾಗಿತ್ತು. ಹಲವೆಡೆ ಮದುವೆಯ ಸನಾಯಿ, ಡೋಲು ನುಡಿಸುವವರೂ ಇದೇ ವೃತ್ತಿಯ ಮನೆತನದವರಾಗಿದ್ದರು.

ಈ ವ್ಯವಸ್ಥೆಯಲ್ಲಿ ಒಂದು ಆಪ್ತತೆಯಿತ್ತೆಂಬುದು ನಿಜ. ಕ್ಷೌರಿಕನಿಗೆ ಮನೆಯ ಮೂರು ತಲೆಮಾರುಗಳ ಪರಿಚಯವಿರುತ್ತಿತ್ತು. ಆದರೆ ಅದೇ ವೇಳೆಗೆ ಅದು ಸಮಾನರ ನಡುವಣ ವ್ಯವಹಾರವಾಗಿರಲಿಲ್ಲ. ದುಡಿಮೆಯ ಬೆಲೆಯನ್ನು ದುಡಿದವನು ನಿರ್ಧರಿಸುವಂತಿರಲಿಲ್ಲ. ಮಳೆ ಕೈಕೊಟ್ಟ ವರ್ಷ ಆಯವೂ ಕೈತಪ್ಪುತ್ತಿತ್ತು. ಮಳೆಯ ಅಭಾವಕ್ಕೆ ಹೆಸರಾದ ಈ ಬಯಲುಸೀಮೆಯಲ್ಲಿ ಅಂಥ ವರ್ಷಗಳೇನೂ ವಿರಳವಲ್ಲ.

ಪೇಟೆಯಲ್ಲಿ ಅಂಗಡಿ ತೆರೆದಾಗ ಕ್ಷೌರಿಕನ ಸ್ಥಾನದಲ್ಲಿ ಮೂಲಭೂತ ಬದಲಾವಣೆಯಾಯಿತು. ಅವನು ಗ್ರಾಹಕನ ಮನೆಯಂಗಳಕ್ಕೆ ಹೋಗುವ ಬದಲು ಗ್ರಾಹಕನೇ ಅವನ ಕುರ್ಚಿಗೆ ಬರತೊಡಗಿದನು. ಧಾನ್ಯದ ಬದಲು ನಗದು ಬಂತು. ದರಪಟ್ಟಿ ಗೋಡೆಗೇರಿತು. ಮಂಗಳವಾರದ ವಾರದ ರಜೆ ರೂಢಿಗೆ ಬಂತು. ಹಳೆಯ ಪರಿಚಯ ಉಳಿಯಿತು, ಹಳೆಯ ಹಂಗು ಹೋಯಿತು. ಯಾವುದೇ ವ್ಯಾಪಾರಕ್ಕೆ ಅನ್ವಯಿಸುವ ಮೊದಲ ಪಾಠ ಇಲ್ಲಿದೆ: ಬಾಂಧವ್ಯವು ಬೆಲೆಯ ಸ್ಪಷ್ಟತೆಗೆ ವಿರೋಧಿಯಲ್ಲ. ದರವನ್ನು ಮೊದಲೇ ತಿಳಿಸಿ ಕೆಲಸ ಮಾಡುವವನ ಸ್ನೇಹವೇ ದೀರ್ಘಕಾಲ ಬಾಳುತ್ತದೆ.

ಶಾಸನದಲ್ಲಿ ಉಳಿದ ಒಂದು ಪರಿಚಯ

ಕ್ಷೌರಿಕ ಮತ್ತು ಗ್ರಾಹಕರ ನಿತ್ಯದ ಪರಿಚಯವು ಎಷ್ಟು ದೂರ ಫಲ ಕೊಡಬಲ್ಲದು ಎಂಬುದಕ್ಕೆ ಇದೇ ವಿಜಯನಗರ ನೆಲದ ಇತಿಹಾಸದಲ್ಲಿ ಒಂದು ಅಪೂರ್ವ ನಿದರ್ಶನವಿದೆ. 16ನೆಯ ಶತಮಾನದ ಮಧ್ಯಭಾಗದಲ್ಲಿ ಸದಾಶಿವರಾಯನು ಸಿಂಹಾಸನದಲ್ಲಿದ್ದು, ಆಡಳಿತದ ಸೂತ್ರವು ಅಳಿಯ ರಾಮರಾಯನ ಕೈಯಲ್ಲಿತ್ತು. ಕೊಂಡೋಜನೆಂಬ ಕ್ಷೌರಿಕನು ತನ್ನ ಸೇವೆಯಿಂದ ರಾಮರಾಯನ ಮೆಚ್ಚುಗೆಗೆ ಪಾತ್ರನಾದನು. ಆ ಮೆಚ್ಚುಗೆಯ ಫಲವಾಗಿ ಕ್ಷೌರಿಕರ ಮೇಲಿದ್ದ ತೆರಿಗೆಗಳನ್ನೂ ಬಿಟ್ಟಿ ಸೇವೆಯನ್ನೂ ಮನ್ನಾ ಮಾಡಲಾಯಿತು. ಈ ಸಂಗತಿಯನ್ನು ತಿಳಿಸುವ ಶಾಸನಗಳು ಬಾದಾಮಿಯೂ ಸೇರಿದಂತೆ ಕರ್ನಾಟಕದ ಹಲವೆಡೆ ದೊರೆತಿವೆ.

ಇಲ್ಲಿ ಗಮನಿಸಬೇಕಾದ ಅಂಶವೊಂದಿದೆ. ಅರಸರ ಬಳಿಗೆ ನಿತ್ಯ ಹೋಗುವ ಅವಕಾಶವಿದ್ದ ವ್ಯಕ್ತಿ ತನಗೊಂದು ಹೊಲವನ್ನೋ ಮನೆಯನ್ನೋ ಪಡೆದು ಸುಮ್ಮನಾಗಬಹುದಿತ್ತು. ಕೊಂಡೋಜನ ಹೆಸರಿನೊಡನೆ ಉಳಿದುಬಂದಿರುವುದು ಮಾತ್ರ ಇಡೀ ವೃತ್ತಿಗೆ ದೊರೆತ ರಿಯಾಯಿತಿ. ವೃತ್ತಿಸಂಘಗಳೂ ವಾಣಿಜ್ಯ ಸಂಸ್ಥೆಗಳೂ ಇಂದು ಮನವಿಪತ್ರಗಳ ಮೂಲಕ ಮಾಡುವ ಕೆಲಸವನ್ನು ಆತ ಸುಮಾರು 475 ವರ್ಷಗಳ ಹಿಂದೆ ತನ್ನ ಪರಿಚಯದ ಬಲದಿಂದ ಮಾಡಿಸಿದನು.

ಕುರ್ಚಿಯ ಅರ್ಧ ಗಂಟೆ

ಕಿರಾಣಿ ಅಂಗಡಿಯಲ್ಲಿ ಗ್ರಾಹಕನು ಎರಡು ನಿಮಿಷ ನಿಲ್ಲುತ್ತಾನೆ. ಬಟ್ಟೆ ಅಂಗಡಿಗೆ ವರ್ಷಕ್ಕೆರಡು ಬಾರಿ ಬರುತ್ತಾನೆ. ಕ್ಷೌರದಂಗಡಿಯಲ್ಲಾದರೋ ತಿಂಗಳಿಗೆ ಒಂದೆರಡು ಬಾರಿ, ಪ್ರತಿಸಲವೂ ಕಾಲು ಗಂಟೆಯಿಂದ ಅರ್ಧ ಗಂಟೆಯವರೆಗೆ, ಅಲ್ಲಾಡದೆ ಕುಳಿತಿರಬೇಕು. ಅಷ್ಟೇ ಅಲ್ಲ, ಹರಿತವಾದ ಕತ್ತಿಗೆ ತನ್ನ ಕೊರಳನ್ನು ಒಡ್ಡಿರಬೇಕು. ಇಷ್ಟು ನಿಕಟವಾದ ವ್ಯವಹಾರ ವೈದ್ಯರದ್ದನ್ನು ಬಿಟ್ಟರೆ ಬೇರೆ ಇಲ್ಲವೆಂದೇ ಹೇಳಬೇಕು. ಈ ಅವಧಿಯಲ್ಲಿ ನುರಿತ ಕ್ಷೌರಿಕನು ನಾಲ್ಕು ವಿಷಯಗಳಲ್ಲಿ ಎಚ್ಚರ ವಹಿಸುತ್ತಾನೆ.

ಮೊದಲನೆಯದು, ನೆನಪು. ಯಾರ ತಲೆಯಲ್ಲಿ ಸುಳಿ ಎಲ್ಲಿದೆ, ಯಾರ ಚರ್ಮಕ್ಕೆ ಯಾವ ಸೋಪು ಒಗ್ಗದು, ಯಾರಿಗೆ ಮೀಸೆಯ ತುದಿ ಮುಟ್ಟಿದರೆ ಸಿಟ್ಟು ಎಂಬುದೆಲ್ಲವೂ ಅವನಿಗೆ ಬಾಯಿಪಾಠ. ಈ ತಾಲ್ಲೂಕುಗಳ ಹಲವು ಹಳ್ಳಿ, ತಾಂಡಾಗಳಿಂದ ದುಡಿಮೆಗಾಗಿ ಬೆಂಗಳೂರು, ಮಂಗಳೂರು, ಕಾಫಿ ಸೀಮೆ, ಕಬ್ಬಿನ ಸೀಮೆಗಳಿಗೆ ಗುಳೆ ಹೋಗುವವರು ಯುಗಾದಿಗೋ ದೀಪಾವಳಿಗೋ, ಕೊಟ್ಟೂರೇಶ್ವರನ ತೇರಿಗೋ ಮೈಲಾರದ ಕಾರಣಿಕಕ್ಕೋ ಊರಿಗೆ ಮರಳುತ್ತಾರೆ. ಆರು ತಿಂಗಳ ನಂತರ ಬಂದವನಿಗೆ, “ಬರ್ರಿ ಕಾಕಾ, ಯಾವಾಗ ಬಂದ್ರಿ ಊರಿಗೆ? ಹೋದ ಸಲದಂಗ ಮಾಡ್ಲೇನ್ರಿ?” ಎಂಬ ಒಂದು ಮಾತು ಸಾಕು. ತನ್ನನ್ನು ಊರು ಮರೆತಿಲ್ಲವೆಂಬ ಸಮಾಧಾನ ಆ ಮಾತಿನಲ್ಲಿದೆ. ನಗರದ ದೊಡ್ಡ ಸಲೂನ್‌ಗಳು ಗಣಕಯಂತ್ರದಲ್ಲಿ ದಾಖಲಿಸಿಕೊಳ್ಳುವುದನ್ನು ಇಲ್ಲಿಯ ಕ್ಷೌರಿಕನು ಮನಸ್ಸಿನಲ್ಲಿಯೇ ದಾಖಲಿಸಿಕೊಂಡಿರುತ್ತಾನೆ.

ಎರಡನೆಯದು, ನಾಲಗೆಯ ಹತೋಟಿ. ಮೆಕ್ಕೆಜೋಳದ ಧಾರಣೆ, ಶೇಂಗಾದ ಇಳುವರಿ, ಹಡಗಲಿ ಮಲ್ಲಿಗೆಯ ದರ, ಹೆಣ್ಣು ನೋಡುವ ವಿಚಾರ, ಚುನಾವಣೆ ಹೀಗೆ ಕ್ಷೌರದಂಗಡಿಯಲ್ಲಿ ಬರದ ಮಾತಿಲ್ಲ. ಆದರೆ ಒಬ್ಬನ ಮನೆಯ ಕಷ್ಟವನ್ನು ಮುಂದಿನ ಕುರ್ಚಿಯವನಿಗೆ ದಾಟಿಸಿದ ದಿನವೇ ಆ ಅಂಗಡಿಯ ಮೇಲಿನ ನಂಬಿಕೆ ಮುರಿಯುತ್ತದೆ. ಪಕ್ಷ, ಪಂಗಡಗಳ ಚರ್ಚೆ ಬಿಸಿಯೇರಿದಾಗ ಜಾಣ ಕ್ಷೌರಿಕನು ಎರಡೂ ಕಡೆ ತಲೆದೂಗಿ ಕತ್ತರಿಯ ಸದ್ದನ್ನು ಹೆಚ್ಚಿಸುತ್ತಾನೆ. ಕಣ್ಣು ಮುಚ್ಚಿ ಕುಳಿತವನನ್ನು ಮಾತಿಗೆಳೆಯುವುದಿಲ್ಲ. ಮಾತು ಬಲ್ಲವನಿಗೆ ಜಗಳವಿಲ್ಲ ಎಂಬ ಗಾದೆಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ.

ಮೂರನೆಯದು, ಸರದಿ. ಶ್ರೀಮಂತನು ಬಂದನೆಂದು ಮೊದಲು ಕುಳಿತಿದ್ದ ಕೂಲಿಕಾರನನ್ನು ಎಬ್ಬಿಸಿದರೆ ಕಳೆದುಕೊಳ್ಳುವುದು ಒಬ್ಬ ಗ್ರಾಹಕನನ್ನಲ್ಲ, ನೋಡುತ್ತ ಕುಳಿತ ನಾಲ್ವರನ್ನು. ಕಾಯುವವರ ವೇಳೆಯನ್ನು ಸಾರ್ಥಕಗೊಳಿಸುವುದೂ ಇದರಲ್ಲಿಯೇ ಸೇರುತ್ತದೆ. ತಮಿಳುನಾಡಿನ ತೂತ್ತುಕುಡಿಯ ಪೊನ್ ಮಾರಿಯಪ್ಪನ್ ಅವರು ತಮ್ಮ ಸಲೂನ್‌ನಲ್ಲಿಯೇ ಗ್ರಂಥಾಲಯವನ್ನು ನಡೆಸಿ, ಓದುವ ಗ್ರಾಹಕರಿಗೆ ದರದಲ್ಲಿ ರಿಯಾಯಿತಿ ನೀಡಿದರು. 2020ರ ಅಕ್ಟೋಬರ್‌ನ ‘ಮನ್ ಕಿ ಬಾತ್’ ಕಾರ್ಯಕ್ರಮದಲ್ಲಿ ಪ್ರಧಾನಮಂತ್ರಿಗಳು ಅವರೊಂದಿಗೆ ಮಾತನಾಡಿದರು.

ನಾಲ್ಕನೆಯದು, ಸ್ವಚ್ಛತೆ. ಬಳಸಿದ ಬ್ಲೇಡಿನಿಂದ ಹೆಪಟೈಟಿಸ್ ಬಿ, ಹೆಪಟೈಟಿಸ್ ಸಿ ಮುಂತಾದ ರಕ್ತಜನ್ಯ ಸೋಂಕುಗಳು ಹರಡಬಲ್ಲವು. ಆದ್ದರಿಂದ ಗ್ರಾಹಕನ ಕಣ್ಣೆದುರಿಗೇ ಹೊಸ ಬ್ಲೇಡನ್ನು ಮುರಿದು ಹಿಡಿಗೆ ಸಿಕ್ಕಿಸುವುದು ಕೇವಲ ಆರೋಗ್ಯದ ಕ್ರಮವಲ್ಲ. ಅದು ಒಂದು ಮಾತೂ ಆಡದೆ ಕೊಡುವ ಖಾತರಿ. ಎಣ್ಣೆ ಗಾಣದವರು, ಮಂಡಕ್ಕಿ ಭಟ್ಟಿಯವರು, ಬೇಕರಿಯವರು ತಮ್ಮ ಕೆಲಸದಲ್ಲಿ ಇಂಥ ‘ಕಣ್ಣೆದುರಿನ ಖಾತರಿ’ ಯಾವುದಾಗಬಹುದೆಂದು ಯೋಚಿಸುವುದು ಒಳಿತು.

ಒಬ್ಬ ಗ್ರಾಹಕನ ಬೆಲೆ ಎಷ್ಟು?

ಬಾಂಧವ್ಯವೆಂಬುದು ಭಾವನೆಯ ಮಾತು, ಲೆಕ್ಕಕ್ಕೆ ಸಿಗದು ಎಂಬ ಅಭಿಪ್ರಾಯ ಕೆಲವರಲ್ಲಿದೆ. ಒಂದು ಕಾಲ್ಪನಿಕ ಲೆಕ್ಕದಿಂದ ಇದನ್ನು ಪರೀಕ್ಷಿಸಬಹುದು. ಒಂದು ಕುರ್ಚಿಯ ಅಂಗಡಿಯಲ್ಲಿ ಕಟಿಂಗ್ ದರ 100 ರೂಪಾಯಿ, ಶೇವಿಂಗ್ ದರ 50 ರೂಪಾಯಿ ಎಂದಿಟ್ಟುಕೊಳ್ಳೋಣ. ಒಬ್ಬ ಖಾಯಂ ಗ್ರಾಹಕನು ತಿಂಗಳಿಗೆ ಒಂದು ಕಟಿಂಗ್, ಎರಡು ಶೇವಿಂಗ್ ಮಾಡಿಸಿದರೆ ವರ್ಷಕ್ಕೆ 2,400 ರೂಪಾಯಿ. 20 ವರ್ಷಕ್ಕೆ 48,000 ರೂಪಾಯಿ. ಇಂಥ 200 ಖಾಯಂ ಗ್ರಾಹಕರಿದ್ದರೆ ತಿಂಗಳ ವಹಿವಾಟು 40,000 ರೂಪಾಯಿ. ಬಾಡಿಗೆ, ವಿದ್ಯುತ್, ಸಾಮಗ್ರಿಯ ವೆಚ್ಚವನ್ನು ಇದರಲ್ಲಿಯೇ ಕಳೆಯಬೇಕು.

ಇನ್ನು ವೇಳೆಯ ಲೆಕ್ಕ. ಕಟಿಂಗ್‌ಗೆ ಅರ್ಧ ಗಂಟೆ, ಶೇವಿಂಗ್‌ಗೆ ಕಾಲು ಗಂಟೆಯಂತೆ 200 ಗ್ರಾಹಕರಿಗೆ ತಿಂಗಳಿಗೆ 200 ಗಂಟೆ ಬೇಕು. ದಿನಕ್ಕೆ 10 ಗಂಟೆಯಂತೆ 26 ದಿನ ಅಂಗಡಿ ತೆರೆದರೆ ಲಭ್ಯವಾಗುವುದು 260 ಗಂಟೆ. ಅಂದರೆ ಒಂದು ಕುರ್ಚಿಯ ಅಂಗಡಿಗೆ ಸಾವಿರಾರು ಗ್ರಾಹಕರು ಬೇಕಿಲ್ಲ. ಬಿಟ್ಟುಹೋಗದ 200 ಜನರಿದ್ದರೆ ಅದರ ಮುಕ್ಕಾಲು ಭಾಗ ವೇಳೆ ತುಂಬುತ್ತದೆ. ಹಾಗೆಯೇ, ಬೇಸರಗೊಂಡು 20 ಜನ ಬೇರೆಡೆಗೆ ಹೋದರೆ ತಿಂಗಳಿಗೆ 4,000 ರೂಪಾಯಿ ನಷ್ಟ. ಹತ್ತಿಪ್ಪತ್ತು ರೂಪಾಯಿ ಚಿಲ್ಲರೆಗಾಗಿ ಗ್ರಾಹಕನೊಡನೆ ವಾದಕ್ಕಿಳಿಯುವ ಮುನ್ನ ಯಾವ ವರ್ತಕನೇ ಆಗಲಿ ತನ್ನ ವ್ಯಾಪಾರಕ್ಕೆ ತಕ್ಕಂತೆ ಈ ಲೆಕ್ಕವನ್ನು ಒಮ್ಮೆ ಹಾಕಿ ನೋಡಬೇಕು.

ಉದ್ರಿಯ ಪ್ರಶ್ನೆಯೂ ಇಲ್ಲಿಯೇ ಬರುತ್ತದೆ. ಕೃಷಿಯನ್ನು ನಂಬಿದ ಪ್ರದೇಶದಲ್ಲಿ ಸುಗ್ಗಿಯವರೆಗೆ ಕಾಯಬೇಕಾದ ಸಂದರ್ಭಗಳು ಸಹಜ. ಗೊತ್ತಿದ್ದವನಿಗೆ ಒಂದು ಸಲದ ಉದ್ರಿ ಸಂಬಂಧವನ್ನು ಗಟ್ಟಿಗೊಳಿಸುತ್ತದೆ. ಮೂರು ಸಲದ ಉದ್ರಿ ಅವನನ್ನು ಅಂಗಡಿಯ ಬೀದಿಯನ್ನೇ ತಪ್ಪಿಸಿಕೊಂಡು ಹೋಗುವಂತೆ ಮಾಡುತ್ತದೆ. ಬಾಕಿಯೂ ಹೋಗುತ್ತದೆ, ಗ್ರಾಹಕನೂ ಹೋಗುತ್ತಾನೆ. ಮಿತಿಯನ್ನು ನಗುನಗುತ್ತಲೇ ಹೇಳಿಬಿಡುವುದು ಇಬ್ಬರಿಗೂ ಕ್ಷೇಮ.

ಬಾಗಿಲು ಎಲ್ಲರಿಗೂ ತೆರೆದಿರಬೇಕು

ಈ ಬಾಂಧವ್ಯದ ಕಹಿ ಮುಖವನ್ನು ಮರೆಮಾಚಿದರೆ ಅಧ್ಯಯನವು ಅಪೂರ್ಣವಾಗುತ್ತದೆ. ರಾಜ್ಯದ ಕೆಲವು ಗ್ರಾಮಗಳಲ್ಲಿ ದಲಿತರಿಗೆ ಕ್ಷೌರ ನಿರಾಕರಿಸಿದ ಪ್ರಕರಣಗಳು ಇಂದಿಗೂ ವರದಿಯಾಗುತ್ತಿವೆ. 2024ರ ಆಗಸ್ಟ್‌ನಲ್ಲಿ ನೆರೆಯ ಕೊಪ್ಪಳ ಜಿಲ್ಲೆಯ ಯಲಬುರ್ಗಾ ತಾಲ್ಲೂಕಿನ ಸಂಗನಾಳ ಗ್ರಾಮದಲ್ಲಿ ಕ್ಷೌರದ ವಿಷಯವಾಗಿ ಎದ್ದ ಜಗಳವು ದಲಿತ ಯುವಕನೊಬ್ಬನ ಕೊಲೆಯಲ್ಲಿ ಕೊನೆಗೊಂಡಿತು. ಎರಡು ಮನೆಗಳು ಹಾಳಾದವು.

ಕಾನೂನು ಈ ವಿಷಯದಲ್ಲಿ ಸ್ಪಷ್ಟವಾಗಿದೆ. ಸಂವಿಧಾನದ 17ನೆಯ ವಿಧಿ ಅಸ್ಪೃಶ್ಯತೆಯನ್ನು ರದ್ದುಗೊಳಿಸಿದೆ; 15ನೆಯ ವಿಧಿಯು ಅಂಗಡಿಗಳ ಪ್ರವೇಶದಲ್ಲಿ ಜಾತಿಯ ತಾರತಮ್ಯವನ್ನು ನಿಷೇಧಿಸಿದೆ. 1955ರ ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯಿದೆಯ ಪ್ರಕಾರ ಅಸ್ಪೃಶ್ಯತೆಯ ಕಾರಣದಿಂದ ಸರಕು ಮಾರಲು ಅಥವಾ ಸೇವೆ ನೀಡಲು ನಿರಾಕರಿಸುವುದು ಅಪರಾಧ. ಇತರರಿಗೆ ಯಾವ ವೇಳೆ, ಯಾವ ಸ್ಥಳ, ಯಾವ ಷರತ್ತೋ ಅದೇ ಎಲ್ಲರಿಗೂ ಅನ್ವಯಿಸಬೇಕು. ಇದು ಕ್ಷೌರಿಕನಿಗಷ್ಟೇ ಅಲ್ಲ, ಹೋಟೆಲ್, ಕಿರಾಣಿ, ಬಟ್ಟೆ ಅಂಗಡಿ ಸಮಸ್ತರಿಗೂ ಅನ್ವಯಿಸುವ ಶಾಸನ.

ಆದರೆ ಸಮಸ್ಯೆಯ ಬೇರು ಕುರ್ಚಿಯ ಹಿಂದೆ ನಿಂತವನಲ್ಲಿ ಮಾತ್ರವಿಲ್ಲ. “ಅವರನ್ನು ಕೂರಿಸಿದರೆ ನಾವು ಬರುವುದಿಲ್ಲ” ಎಂಬ ಇತರ ಗ್ರಾಹಕರ ಒತ್ತಡವೂ ಅದರ ಹಿಂದಿರುತ್ತದೆ. ಒಂದು ಕುರ್ಚಿಯ ಆದಾಯದಲ್ಲಿ ಸಂಸಾರ ತೂಗಿಸುವವನು ಈ ಒತ್ತಡವನ್ನು ಒಬ್ಬನೇ ಎದುರಿಸುವುದು ಕಷ್ಟ. ಆದ್ದರಿಂದ ಊರಿನ ವರ್ತಕರು, ವಿಶೇಷವಾಗಿ ಮಾತಿಗೆ ತೂಕವಿರುವ ಹಿರಿಯರು, ಅವನ ಬೆನ್ನಿಗೆ ನಿಲ್ಲಬೇಕಾಗುತ್ತದೆ. ಎಲ್ಲರೊಡನೆ ಅದೇ ಬೆಂಚಿನ ಮೇಲೆ ಕುಳಿತು ತಮ್ಮ ಸರದಿಗೆ ಕಾಯುವ ಪ್ರತಿಷ್ಠಿತ ಗ್ರಾಹಕರು ಭಾಷಣಕ್ಕಿಂತ ಹೆಚ್ಚಿನ ಕೆಲಸ ಮಾಡಿದಂತಾಗುತ್ತದೆ.

ಇದರ ಮತ್ತೊಂದು ಮಗ್ಗುಲೆಂದರೆ ಕ್ಷೌರಿಕನ ಗೌರವ. ವೃತ್ತಿಯ ಹೆಸರನ್ನೇ ಬೈಗುಳವಾಗಿ ಬಳಸುವ ಕೆಟ್ಟ ರೂಢಿಯನ್ನು ಸವಿತಾ ಮತ್ತು ಹಡಪದ ಸಮಾಜಗಳು ಬಹುಕಾಲದಿಂದ ವಿರೋಧಿಸುತ್ತ ಬಂದಿವೆ. ಹಡಪದ ಸಮಾಜವು ತನ್ನ ಮೂಲಪುರುಷನೆಂದು ಗೌರವಿಸುವ ಹಡಪದ ಅಪ್ಪಣ್ಣನವರು 12ನೆಯ ಶತಮಾನದಲ್ಲಿ ಬಸವಣ್ಣನವರ ಆಪ್ತರಾಗಿದ್ದ ಶರಣರು. ಅವರ ಪತ್ನಿ ಲಿಂಗಮ್ಮನವರೂ ವಚನಕಾರ್ತಿ. ಕಾಯಕದಲ್ಲಿ ಮೇಲುಕೀಳಿಲ್ಲವೆಂದು ಸಾರಿದ ನಾಡಿನಲ್ಲಿ ತಲೆಯನ್ನು ನಂಬಿ ಒಪ್ಪಿಸಿದ ಕೈಗಳಿಗೆ ಒಂದು ಒಳ್ಳೆಯ ಮಾತನ್ನು ಸಲ್ಲಿಸುವುದು ದೊಡ್ಡ ಭಾರವಾಗಲಾರದು.

2020ರ ಪರೀಕ್ಷೆ

ಕೊರೋನಾ ಲಾಕ್‌ಡೌನ್ ಅತಿ ನಿಕಟ ಸಂಪರ್ಕದ ಈ ವೃತ್ತಿಯನ್ನು ಅತಿ ಕಠಿಣವಾಗಿ ಬಾಧಿಸಿತು. 2020ರ ಮಾರ್ಚ್ ಕೊನೆಯಲ್ಲಿ ಮುಚ್ಚಿದ ಕ್ಷೌರದಂಗಡಿಗಳು ರಾಜ್ಯದಲ್ಲಿ ಪುನಃ ತೆರೆದದ್ದು ಮೇ 19ರಂದು. ಅದೇ ಮೇ ತಿಂಗಳಲ್ಲಿ ರಾಜ್ಯ ಸರ್ಕಾರವು ಸುಮಾರು 2,30,000 ಕ್ಷೌರಿಕರಿಗೆ ತಲಾ 5,000 ರೂಪಾಯಿಗಳ ಒಂದು ಬಾರಿಯ ನೆರವನ್ನು ಘೋಷಿಸಿತು. ಆ ಎರಡು ತಿಂಗಳಲ್ಲಿ ಅನೇಕರು ಮನೆಯಲ್ಲಿಯೇ ಟ್ರಿಮ್ಮರ್ ಬಳಸಲು ಕಲಿತರು. ಆದರೂ ಅಂಗಡಿಗಳು ತೆರೆದ ಕೂಡಲೇ ಜನ ಮರಳಿದರು. ಕೂದಲನ್ನು ಯಂತ್ರವೂ ಕತ್ತರಿಸಬಲ್ಲದು, ಆದರೆ ಕೆನ್ನೆಯ ಗಾಯವನ್ನು ಕಂಡು “ಇದೇನ್ರಿ ಅಣ್ಣಾ, ಎಲ್ಲಿ ಬಿದ್ರಿ?” ಎಂದು ಕೇಳಲಾರದು.

ಈ ಕೇಳುವಿಕೆಯು ಆರೋಗ್ಯದ ಸಾಧನವೂ ಆಗಬಲ್ಲದೆಂಬುದನ್ನು ಅಮೆರಿಕದ ಲಾಸ್ ಏಂಜಲೀಸ್ ನಗರದ ಅಧ್ಯಯನವೊಂದು ತೋರಿಸಿದೆ. 2018ರಲ್ಲಿ ಪ್ರಕಟವಾದ ಈ ಅಧ್ಯಯನದಲ್ಲಿ 52 ಕ್ಷೌರದಂಗಡಿಗಳ 319 ಮಂದಿ ಕಪ್ಪುವರ್ಣೀಯ ಪುರುಷರು ಭಾಗವಹಿಸಿದ್ದರು. ಎಲ್ಲರಿಗೂ ಅಧಿಕ ರಕ್ತದೊತ್ತಡವಿತ್ತು. ಕೆಲವು ಅಂಗಡಿಗಳಲ್ಲಿ ಔಷಧತಜ್ಞರೇ ಬಂದು ಔಷಧೋಪಚಾರ ಮಾಡಿದರು. ಉಳಿದೆಡೆ ಕ್ಷೌರಿಕರು ವೈದ್ಯರನ್ನು ಕಾಣುವಂತೆ, ಜೀವನಕ್ರಮವನ್ನು ತಿದ್ದಿಕೊಳ್ಳುವಂತೆ ಹೇಳಿದರು. ಆರು ತಿಂಗಳಲ್ಲಿ ರಕ್ತದೊತ್ತಡದ ಮೇಲಿನ ಅಂಕಿಯು ಮೊದಲ ಗುಂಪಿನಲ್ಲಿ ಸರಾಸರಿ 27, ಎರಡನೆಯ ಗುಂಪಿನಲ್ಲಿ ಸುಮಾರು 9 ಅಂಶಗಳಷ್ಟು ಇಳಿಯಿತು. ಆಸ್ಪತ್ರೆಗೆ ಹೋಗಲು ಹಿಂಜರಿಯುವವರೂ ನಂಬಿದ ಕುರ್ಚಿಯಲ್ಲಿ ಕೈಚಾಚಿದರು. ವಾಣಿಜ್ಯ ಸಂಸ್ಥೆಗಳು ನಡೆಸುವ ಆರೋಗ್ಯ ಶಿಬಿರಗಳನ್ನು ಇಲ್ಲಿಯೂ ಕ್ಷೌರಿಕರ ಸಹಕಾರದೊಂದಿಗೆ ಯೋಜಿಸುವುದು ಪರಿಶೀಲನಾರ್ಹ.

ತಿಳಿದಿರಬೇಕಾದ ನೆರವು

2021ರಲ್ಲಿ ವಿಜಯನಗರ ಜಿಲ್ಲೆ ರಚನೆಯಾದ ಬಳಿಕ ಈ ಐದೂ ತಾಲ್ಲೂಕುಗಳು ಒಂದೇ ಜಿಲ್ಲಾಡಳಿತದ ಅಡಿಯಲ್ಲಿವೆ. 2023ರ ಸೆಪ್ಟೆಂಬರ್ 17ರಂದು ಆರಂಭವಾದ ಪಿ.ಎಂ. ವಿಶ್ವಕರ್ಮ ಯೋಜನೆಯ 18 ಕಸುಬುಗಳಲ್ಲಿ ಕ್ಷೌರವೂ ಒಂದು. ತರಬೇತಿ ಅವಧಿಯಲ್ಲಿ ದಿನಕ್ಕೆ 500 ರೂಪಾಯಿ ಭತ್ಯೆ, ಉಪಕರಣಗಳಿಗೆ 15,000 ರೂಪಾಯಿಗಳವರೆಗೆ ನೆರವು, ಮೊದಲ ಹಂತದಲ್ಲಿ 1 ಲಕ್ಷ ಹಾಗೂ ಎರಡನೆಯ ಹಂತದಲ್ಲಿ 2 ಲಕ್ಷ ರೂಪಾಯಿಗಳವರೆಗೆ ಶೇ. 5ರ ಬಡ್ಡಿಯಲ್ಲಿ ಜಾಮೀನುರಹಿತ ಸಾಲ ಇದರ ಮುಖ್ಯಾಂಶಗಳು. ಮಹಿಳೆಯರು ನಡೆಸುವ ಬ್ಯೂಟಿ ಪಾರ್ಲರ್‌ಗಳಿಗೆ ಗ್ರಾಮೀಣ ಸ್ವ-ಉದ್ಯೋಗ ತರಬೇತಿ ಸಂಸ್ಥೆಗಳ ತರಬೇತಿ ಮತ್ತು ಮುದ್ರಾ ಸಾಲ ಉಪಯುಕ್ತ. ಸೇವಾ ವಹಿವಾಟು ವರ್ಷಕ್ಕೆ 20 ಲಕ್ಷ ರೂಪಾಯಿ ಮೀರದಿದ್ದರೆ ಸಾಮಾನ್ಯವಾಗಿ ಜಿ.ಎಸ್.ಟಿ. ನೋಂದಣಿ ಬೇಕಿಲ್ಲ, ನೋಂದಾಯಿತ ಸಲೂನ್‌ಗಳ ತೆರಿಗೆಯು 2025ರ ಸೆಪ್ಟೆಂಬರ್ 22ರಿಂದ ಶೇ. 18ರಿಂದ ಶೇ. 5ಕ್ಕೆ ಇಳಿದಿದೆ, ಆದರೆ ಹೂಡುವಳಿ ತೆರಿಗೆಯ ಜಮೆ ಇದಕ್ಕೆ ದೊರೆಯದು.

ಸಾರಾಂಶ

1. ದರವನ್ನು ಮೊದಲೇ ತಿಳಿಸಬೇಕು. ಸ್ಪಷ್ಟತೆಯು ಸ್ನೇಹಕ್ಕೆ ಅಡ್ಡಿಯಲ್ಲ.
2. ಗ್ರಾಹಕನ ಹೆಸರು, ಊರು, ಹಿಂದಿನ ಬಾರಿಯ ಬೇಡಿಕೆ ನೆನಪಿರಬೇಕು. ನೆನಪು ಸಾಲದಿದ್ದರೆ ಒಂದು ಪುಸ್ತಕದಲ್ಲಿ ಬರೆದಿಡಬೇಕು.
3. ಅಂಗಡಿಯಲ್ಲಿ ಕೇಳಿದ ಮನೆಯ ಮಾತು ಅಂಗಡಿಯಲ್ಲಿಯೇ ಉಳಿಯಬೇಕು.
4. ಸರದಿ ಎಲ್ಲರಿಗೂ ಒಂದೇ. ಬಾಗಿಲೂ ಎಲ್ಲರಿಗೂ ಒಂದೇ.
5. ಗುಣಮಟ್ಟದ ಖಾತರಿಯು ಗ್ರಾಹಕನ ಕಣ್ಣಿಗೆ ಕಾಣುವಂತಿರಬೇಕು.
6. ಉದ್ರಿಗೆ ಮಿತಿಯಿರಬೇಕು, ಆ ಮಿತಿಯನ್ನು ಸೌಜನ್ಯದಿಂದ ತಿಳಿಸಬೇಕು.
7. ಪರಿಚಯದ ಬಲವನ್ನು ಸ್ವಂತ ಲಾಭಕ್ಕಷ್ಟೇ ಅಲ್ಲದೆ ಇಡೀ ವೃತ್ತಿಯ ಹಿತಕ್ಕೂ ಬಳಸಬೇಕು.

ಯಂತ್ರ, ಜಾಲತಾಣ, ಕ್ಯೂಆರ್ ಫಲಕಗಳು ವ್ಯಾಪಾರದ ರೀತಿಯನ್ನು ಬದಲಿಸಿವೆ, ಮುಂದೆಯೂ ಬದಲಿಸಲಿವೆ. ಆದರೆ ಗ್ರಾಹಕನು ಹಣ ಕೊಟ್ಟು ಹೊರಡುವಾಗ ಕನ್ನಡಿಯಲ್ಲಿ ಮತ್ತೊಮ್ಮೆ ಮುಖ ನೋಡಿಕೊಂಡು “ಬರ್ತೀನ್ರಿ” ಎನ್ನುವ ಆ ಒಂದು ಮಾತು ಯಾವ ಲೆಕ್ಕಪುಸ್ತಕದಲ್ಲಿಯೂ ದಾಖಲಾಗದ ಆಸ್ತಿ. ಅದನ್ನು ಗಳಿಸಲು ವರ್ಷಗಳು ಬೇಕು. ಕಳೆದುಕೊಳ್ಳಲು ಒಂದು ಅನ್ಯಾಯದ ನಡೆ ಸಾಕು.